ಬಲ್ಗೇರಿಯಾದಿಂದ ಪ್ಯಾರಿಸ್‌ವರೆಗೆ: ರಾಯಭಾರಿ ರೊಂಕಾಲಿ

ಎಲ್ಲರಿಗೂ ನಮಸ್ಕಾರ.

ಪೋಪ್ ಇಪ್ಪತ್ತಮೂರನೆಯ ಜಾನ್ ಹೆಸರನ್ನು ನಿಮ್ಮಲ್ಲಿ ತುಂಬ ಜನ ಕೇಳಿರುತ್ತೀರಿ. ಎರಡನೇ ವ್ಯಾಟಿಕನ್ ಮಹಾಸಭೆಯನ್ನು ಕರೆದವರು ಅವರೇ. ಆ ಕಥೆ ಇವತ್ತು ಬೇಡ. ಪೋಪ್ ಆಗುವುದಕ್ಕೆ ಮುಂಚೆ, 1925ರಿಂದ 1953ರವರೆಗೆ, ಆಂಜೆಲೊ ರೊಂಕಾಲಿ ಎಂಬ ಆರ್ಚ್‌ಬಿಷಪ್ ಆಗಿ ಅವರು ವ್ಯಾಟಿಕನ್ನಿನ ಪರವಾಗಿ ಬೇರೆ ಬೇರೆ ದೇಶಗಳಲ್ಲಿದ್ದರು. ನನಗೆ ಹೆಚ್ಚು ಕುತೂಹಲ ಇರುವುದು ಆ ವರ್ಷಗಳ ಬಗ್ಗೆ.

ಈ ಕೆಲಸ ನಮಗೆ ತೀರಾ ದೂರದ್ದೂ ಅಲ್ಲ. ನಮ್ಮ ಬೆಳ್ತಂಗಡಿ ಕಡೆಯ ಆಂಬ್ರೋಸ್ ಮಾಡ್ತ ಇದೇ ಸೇವೆಯಲ್ಲಿದ್ದರು. ತೈವಾನಿನಲ್ಲಿ ಕೆಲಸ ಮಾಡಿ, 2008ರಲ್ಲಿ ಆರ್ಚ್‌ಬಿಷಪ್ ಆಗಿ ಪಶ್ಚಿಮ ಆಫ್ರಿಕಾದ ಐವರಿ ಕೋಸ್ಟ್‌ಗೆ ಹೋದರು. 2012ರ ಡಿಸೆಂಬರ್‌ನಲ್ಲಿ ಅಲ್ಲೇ ಕಾರು ಅಪಘಾತದಲ್ಲಿ ತೀರಿಕೊಂಡರು.

ಪೋಪರ ರಾಯಭಾರಿಗೆ ನುನ್ಸಿಯೊ ಅನ್ನುತ್ತಾರೆ. ಸರ್ಕಾರದ ಜೊತೆಗೂ ಮಾತಾಡಬೇಕು, ಅಲ್ಲಿನ ಬಿಷಪ್‌ಗಳ ವಿಷಯವನ್ನೂ ರೋಮಿಗೆ ತಿಳಿಸಬೇಕು. ಇನ್ನೊಂದು ಹುದ್ದೆ ಇದೆ, ಡೆಲಿಗೇಟ್ ಅಂತ. ಡೆಲಿಗೇಟ್‌ಗೆ ಚರ್ಚಿನ ಒಳಗೆ ಮಾತ್ರ ಅಧಿಕಾರ. ಆ ದೇಶದ ಸರ್ಕಾರ ಬೇಕಿದ್ದರೆ ಅವನನ್ನು ಕಂಡೂ ಕಾಣದ ಹಾಗೆ ಇರಬಹುದು. ರೊಂಕಾಲಿ ಸುಮಾರು ಇಪ್ಪತ್ತು ವರ್ಷ ಇಂಥ ಅರೆಬರೆ ಹುದ್ದೆಗಳಲ್ಲೇ ಕಳೆದರು.

ಇಟಲಿಯ ಬೆರ್ಗಾಮೊ ಹತ್ತಿರದ ಸೊಟ್ಟೊ ಇಲ್ ಮೊಂಟೆ ಅವರ ಊರು. ಗೇಣಿಗೆ ಹೊಲ ಮಾಡುತ್ತಿದ್ದ ಮನೆ. ಹದಿಮೂರು ಮಕ್ಕಳಲ್ಲಿ ಇವರು ನಾಲ್ಕನೆಯವರು. ರಾಯಭಾರಿಗಳನ್ನು ತಯಾರು ಮಾಡುವ ರೋಮಿನ ಅಕಾಡೆಮಿಯಲ್ಲಿ ಇವರು ಓದಿದವರೇ ಅಲ್ಲ. 1925ರಲ್ಲಿ ಆರ್ಚ್‌ಬಿಷಪ್ ಮಾಡಿ ಬಲ್ಗೇರಿಯಾಕ್ಕೆ ಕಳಿಸಿದರು. ಅಲ್ಲಿ ಹೆಚ್ಚಿನವರು ಆರ್ಥೊಡಾಕ್ಸ್ ಕ್ರೈಸ್ತರು, ಕ್ಯಾಥೊಲಿಕರು ನೂರಕ್ಕೆ ಒಬ್ಬರು ಸಿಕ್ಕರೆ ಹೆಚ್ಚು. ಗುಡ್ಡಗಾಡಿನ ಹಳ್ಳಿಗಳಿಗೆ ಕುದುರೆ, ಗಾಡಿ, ಏನು ಸಿಕ್ಕಿತೋ ಅದರಲ್ಲಿ ಹೋಗಿ ನಿರಾಶ್ರಿತರನ್ನು ಕಂಡರು. 1928ರ ಭೂಕಂಪದಲ್ಲಿ ಮನೆ ಕಳೆದುಕೊಂಡವರಿಗೆ ಊಟದ ವ್ಯವಸ್ಥೆ ಮಾಡಿಸಿದರು. ಯಾವ ಚರ್ಚಿನವರು ಅಂತ ಕೇಳಲಿಲ್ಲ. ಅವರಿಗೆ ನೋವು ಕೊಟ್ಟದ್ದು ಬಲ್ಗೇರಿಯನ್ನರಲ್ಲ, ರೋಮಿನ ಕಚೇರಿಗಳು. 1926ರಲ್ಲೇ ತಮ್ಮ ದಿನಚರಿಯಲ್ಲಿ ಹಾಗೆ ಬರೆದುಕೊಂಡಿದ್ದಾರೆ. ಹೆಡ್ ಆಫೀಸಿನ ಕಾಟ ಯಾರನ್ನೂ ಬಿಟ್ಟಿಲ್ಲ ನೋಡಿ.

ಅಲ್ಲಿ ಒಂದು ಮದುವೆ ಪ್ರಸಂಗ ಆಯಿತು. ಆರ್ಥೊಡಾಕ್ಸ್ ರಾಜ ಮೂರನೇ ಬೋರಿಸ್‌ಗೆ ಇಟಲಿಯ ರಾಜಕುಮಾರಿ ಜೊವಾನ್ನಾಳನ್ನು ಮದುವೆಯಾಗಬೇಕಿತ್ತು. ಆಕೆ ಕ್ಯಾಥೊಲಿಕ್. ಮದುವೆ ಒಂದೇ ಸಲ, ಕ್ಯಾಥೊಲಿಕ್ ರೀತಿಯಲ್ಲಿ. ಮಕ್ಕಳೂ ಕ್ಯಾಥೊಲಿಕರಾಗಿಯೇ ಬೆಳೆಯಬೇಕು. ಇದು ರೋಮಿನ ಷರತ್ತು, ರಾಜ ಒಪ್ಪಿದ. 1930ರ ಅಕ್ಟೋಬರ್ 25ರಂದು ಅಸಿಸಿಯಲ್ಲಿ ಮದುವೆ ಆಯಿತು. ಒಂದು ವಾರದೊಳಗೆ ಬಲ್ಗೇರಿಯಾದ ರಾಜಧಾನಿ ಸೋಫಿಯಾದಲ್ಲಿ ಆರ್ಥೊಡಾಕ್ಸ್ ರೀತಿಯಲ್ಲಿ ಮತ್ತೊಂದು ಸಮಾರಂಭ! 1933ರಲ್ಲಿ ಹುಟ್ಟಿದ ಮಗುವಿಗೆ ದೀಕ್ಷಾಸ್ನಾನವೂ ಆರ್ಥೊಡಾಕ್ಸ್ ಚರ್ಚಿನಲ್ಲೇ. ಪೋಪ್ ಹನ್ನೊಂದನೆಯ ಪಯಸ್ ಸಿಟ್ಟಾದರು. ರೊಂಕಾಲಿ ಪ್ರತಿಭಟನೆ ಸಲ್ಲಿಸಿದರು, ಆದರೆ ಅರಮನೆಯ ಜೊತೆ ಸಂಬಂಧ ಕಡಿದುಕೊಳ್ಳಲಿಲ್ಲ. ಇದು ದುರ್ಬಲತೆ ಅಂತ ಆಗ ಅಂದವರಿದ್ದರು. ನನಗೆ ಹಾಗನ್ನಿಸುವುದಿಲ್ಲ.

1935ರಲ್ಲಿ ಇಸ್ತಾಂಬುಲ್. ಟರ್ಕಿ, ಗ್ರೀಸ್ ಎರಡಕ್ಕೂ ಇವರೇ ಡೆಲಿಗೇಟ್. ಅದೇ ವರ್ಷ ಟರ್ಕಿಯಲ್ಲಿ ಧರ್ಮಗುರುಗಳು ರಸ್ತೆಯಲ್ಲಿ ನಿಲುವಂಗಿ ಹಾಕುವಂತಿಲ್ಲ ಅಂತ ಕಾನೂನು ಜಾರಿಯಾಯಿತು. ಕೆಲವು ಪಾದ್ರಿಗಳು ಗೊಣಗಿದರು. ಇವರು ಸುಮ್ನೆ ಕೋಟು ಪ್ಯಾಂಟು ಹಾಕಿಕೊಂಡರು. ಪೂಜೆಯಲ್ಲಿ ಕೆಲವು ಪ್ರಾರ್ಥನೆಗಳನ್ನು ಟರ್ಕಿಶ್ ಭಾಷೆಯಲ್ಲೇ ಹೇಳಿಸಿದರು.

ಆಮೇಲೆ ಎರಡನೇ ಮಹಾಯುದ್ಧ ಬಂತು. ಟರ್ಕಿ ತಟಸ್ಥ ದೇಶವಾಗಿದ್ದರಿಂದ ಇಸ್ತಾಂಬುಲ್ ತುಂಬ ಗೂಢಚಾರರು, ನಿರಾಶ್ರಿತರು. ಜರ್ಮನ್ ರಾಯಭಾರಿ ಫ್ರಾಂಜ್ ಫಾನ್ ಪಾಪೆನ್ ಜೊತೆಗೂ ರೊಂಕಾಲಿಗೆ ಒಡನಾಟ ಇತ್ತು, ಯಹೂದಿಗಳನ್ನು ಪ್ಯಾಲೆಸ್ಟೈನ್‌ಗೆ ಕರೆಸಿಕೊಳ್ಳುತ್ತಿದ್ದ ಯಹೂದಿ ಏಜೆನ್ಸಿ ಎಂಬ ಸಂಸ್ಥೆಯ ಹಾಯಿಮ್ ಬಾರ್ಲಾಸ್ ಜೊತೆಗೂ ಇತ್ತು. ಪ್ಯಾಲೆಸ್ಟೈನ್‌ಗೆ ಹೋಗುವ ಪರವಾನಗಿ ಪತ್ರಗಳು ಇವರ ಮೂಲಕ ಹಂಗೇರಿಯ ನುನ್ಸಿಯೊ ಕೈ ಸೇರಿದವು. 1943ರ ಜೂನ್‌ನಲ್ಲಿ ಯಹೂದಿಗಳ ಪರವಾಗಿ ರಾಜ ಬೋರಿಸ್‌ಗೇ ಪತ್ರ ಬರೆದರು. ಆ ಮದುವೆ ಗಲಾಟೆಯಲ್ಲಿ ಬಾಗಿಲು ಮುಚ್ಚಿಕೊಂಡಿದ್ದರೆ ಈ ಪತ್ರ ಬರೆಯಲು ಯಾವ ಮುಖ ಇರುತ್ತಿತ್ತು, ಅಲ್ವಾ?

ಇಲ್ಲಿ ಸ್ವಲ್ಪ ಎಚ್ಚರ ಬೇಕು. ಬಲ್ಗೇರಿಯಾದ ಸುಮಾರು 48,000 ಯಹೂದಿಗಳು ಉಳಿದದ್ದು ಈ ಒಂದು ಪತ್ರದಿಂದ ಅಲ್ಲ. ಸಂಸದ ದಿಮಿತಾರ್ ಪೇಶೆವ್, ಆರ್ಥೊಡಾಕ್ಸ್ ಧರ್ಮಾಧ್ಯಕ್ಷರಾದ ಸ್ಟೆಫಾನ್ ಮತ್ತು ಕಿರಿಲ್ ಅದಕ್ಕೂ ಮೊದಲೇ ಎದ್ದು ನಿಂತಿದ್ದರು. ಬಲ್ಗೇರಿಯಾ ಆಕ್ರಮಿಸಿಕೊಂಡಿದ್ದ ಥ್ರೇಸ್ ಮತ್ತು ಮ್ಯಾಸಿಡೋನಿಯಾದಿಂದ 11,000ಕ್ಕೂ ಜಾಸ್ತಿ ಜನರನ್ನು ಸಾವಿನ ಶಿಬಿರಗಳಿಗೆ ಸಾಗಿಸಿಯೂ ಆಗಿತ್ತು. ರೊಂಕಾಲಿಯ ಮನಸ್ಸಿನಲ್ಲೂ ಗೊಂದಲ ಇತ್ತು. ಯಹೂದಿಗಳು ಪ್ಯಾಲೆಸ್ಟೈನ್‌ನಲ್ಲಿ ಮತ್ತೆ ರಾಜ್ಯ ಕಟ್ಟುವುದಕ್ಕೆ ವ್ಯಾಟಿಕನ್ ಪರೋಕ್ಷವಾಗಿ ನೆರವಾದಂತೆ ಆಗುತ್ತದೇನೋ ಎಂಬ ಅಳುಕನ್ನು 1943ರ ಸೆಪ್ಟೆಂಬರ್‌ನಲ್ಲಿ ರೋಮಿಗೆ ಬರೆದರು. ಆದರೂ ಸಹಾಯ ನಿಲ್ಲಿಸಲಿಲ್ಲ. ಅವರನ್ನು ಹೊಗಳುವವರು ಆ ಪತ್ರವನ್ನು ಬಿಟ್ಟುಬಿಡುವುದುಂಟು. ಅದನ್ನೂ ಸೇರಿಸಿಕೊಂಡರೆ ನನಗೆ ಅವರು ಇನ್ನೂ ನಿಜವಾದ ಮನುಷ್ಯರಾಗಿ ಕಾಣುತ್ತಾರೆ.

ಗ್ರೀಸ್‌ನಲ್ಲಿ 1941ರ ಚಳಿಗಾಲದಲ್ಲಿ ಜನ ಹಸಿವಿನಿಂದ ಸಾಯುತ್ತಿದ್ದರು. ಒಳಗೆ ಆಕ್ರಮಣಕಾರರು, ಹೊರಗೆ ಬ್ರಿಟಿಷರ ನೌಕಾ ದಿಗ್ಬಂಧನ. ಆಹಾರದ ಹಡಗುಗಳನ್ನು ಬಿಡಿಸಲು ಪ್ರಯತ್ನಿಸಿದವರಲ್ಲಿ ಇವರೂ ಒಬ್ಬರು.

1944ರ ಡಿಸೆಂಬರ್‌ನಲ್ಲಿ ಪ್ಯಾರಿಸ್‌ಗೆ ಹೋಗಿ ಅಂತ ತಂತಿ ಬಂದಾಗ ಏನೋ ತಪ್ಪಾಗಿದೆ ಅಂದುಕೊಂಡರಂತೆ. ತಪ್ಪೇನೂ ಆಗಿರಲಿಲ್ಲ. ಹಿಂದಿನ ನುನ್ಸಿಯೊ ವಿಶಿ ಸರ್ಕಾರದ, ಅಂದರೆ ಯುದ್ಧಕಾಲದಲ್ಲಿ ಜರ್ಮನ್ನರ ಜೊತೆ ಕೈಜೋಡಿಸಿದ್ದ ಫ್ರೆಂಚ್ ಸರ್ಕಾರದ, ಜೊತೆ ಇದ್ದವರು. ಹಾಗಾಗಿ ಫ್ರಾನ್ಸಿನ ಹೊಸ ಸರ್ಕಾರದ ಮುಖ್ಯಸ್ಥ ಡಿ ಗಾಲ್ ಆ ನುನ್ಸಿಯೊವನ್ನು ಒಪ್ಪಲಿಲ್ಲ. ಹೊಸ ವರ್ಷದ ದಿನ ರಾಯಭಾರಿಗಳೆಲ್ಲರ ಪರವಾಗಿ ಶುಭಾಶಯ ಹೇಳುವುದು ಪೋಪರ ಪ್ರತಿನಿಧಿ. ಅವರಿಲ್ಲದಿದ್ದರೆ ಆ ಮಾತು ಸೋವಿಯತ್ ರಾಯಭಾರಿ ಬೊಗೊಮೊಲೊವ್‌ಗೆ ಹೋಗುತ್ತಿತ್ತು. ರೊಂಕಾಲಿ ಡಿಸೆಂಬರ್ 30ಕ್ಕೆ ಪ್ಯಾರಿಸ್ ತಲುಪಿದರು, ಜನವರಿ 1ಕ್ಕೆ ಭಾಷಣ ಮಾಡಿದರು.

ವಿಶಿ ಜೊತೆ ಕೈಜೋಡಿಸಿದ ಬಿಷಪ್‌ಗಳನ್ನು ತೆಗೆಯಿರಿ ಅಂತ ಹೊಸ ಸರ್ಕಾರ ಉದ್ದದ ಪಟ್ಟಿ ಇಟ್ಟಿತ್ತು. ಇವರು ಎಳೆದೆಳೆದು ಮಾತಾಡಿ, ಕಡೆಗೆ ಕೆಲವೇ ಕೆಲವರು ಸ್ಥಾನ ಬಿಡುವಂತೆ ಮಾಡಿದರು. ತಪ್ಪು ಮಾಡಿದ ಕೆಲವರು ಇದರಿಂದ ಪಾರಾದರು ಅನ್ನುವ ಆಕ್ಷೇಪದಲ್ಲಿ ಹುರುಳಿಲ್ಲ ಅಂತ ನಾನು ಹೇಳುವುದಿಲ್ಲ. ಇನ್ನೊಂದು ಕಡೆ, ಶಾರ್ತ್ರ್ ಹತ್ತಿರದ ಯುದ್ಧಕೈದಿಗಳ ಶಿಬಿರದಲ್ಲಿ ಜರ್ಮನ್ ಸೆಮಿನರಿ ವಿದ್ಯಾರ್ಥಿಗಳು ಮುಳ್ಳುತಂತಿಯ ಒಳಗೇ ಓದುತ್ತಿದ್ದರು. ಜರ್ಮನ್ನರ ಹೆಸರೆತ್ತಿದರೆ ಫ್ರಾನ್ಸ್ ಉರಿಯುತ್ತಿದ್ದ ಕಾಲ ಅದು. ಅಲ್ಲಿಗೂ ಹೋಗಿ ಅವರನ್ನು ಮಾತಾಡಿಸಿ ಬರುತ್ತಿದ್ದರು.

1953ರ ಜನವರಿಯಲ್ಲಿ ಕಾರ್ಡಿನಲ್ ಆದರು. ಕೆಂಪು ಟೋಪಿ ತೊಡಿಸಿದ್ದು ಅಧ್ಯಕ್ಷ ವಿನ್ಸೆಂಟ್ ಓರಿಯೋಲ್, ಅವರು ಸಮಾಜವಾದಿ, ದೇವರನ್ನು ನಂಬದವರು. ಆ ಹೊತ್ತಿಗೆ ಇಬ್ಬರೂ ಒಳ್ಳೆಯ ಸ್ನೇಹಿತರಾಗಿದ್ದರು. ಅಲ್ಲಿಂದ ರೊಂಕಾಲಿ ವೆನಿಸ್‌ಗೆ ಹೋದರು, 1958ರಲ್ಲಿ ಪೋಪ್ ಆದರು. 1963ರ ಮಾರ್ಚ್‌ನಲ್ಲಿ ಸೋವಿಯತ್ ನಾಯಕ ಕ್ರುಶ್ಚೇವ್ ಅವರ ಅಳಿಯ ಅಲೆಕ್ಸಿ ಅಜುಬೇ ಭೇಟಿಗೆ ಬಂದಾಗ ವ್ಯಾಟಿಕನ್ನಿನ ಒಳಗೇ ಹಲವರಿಗೆ ಅದು ಇಷ್ಟವಿರಲಿಲ್ಲ. ರೊಂಕಾಲಿ ಅವರನ್ನು ತಮ್ಮ ಗ್ರಂಥಾಲಯಕ್ಕೆ ಕರೆಸಿ ಕೂರಿಸಿ ಮಾತಾಡಿದರು. ಮೂರು ತಿಂಗಳೊಳಗೆ, ಜೂನ್ 3ರಂದು, ತೀರಿಕೊಂಡರು.

ಇಷ್ಟು ಹೇಳಿ ನಿಲ್ಲಿಸುತ್ತೇನೆ. ಪ್ರಶ್ನೆಗಳಿದ್ದರೆ ಕೇಳಿ.