ಮೌಲ್ಡ್ ಹಾಕುವಾಗ ಎಲ್ಲಿದ್ದಿರಿ ಸ್ವಾಮಿ?

ನಮಸ್ಕಾರ. ಇವತ್ತು ಬೆಂಗಳೂರಿನ ಅಕ್ರಮ ಕಟ್ಟಡಗಳ ಬಗ್ಗೆ ಮಾತಾಡೋಣ. ಮೊದಲೇ ಹೇಳಿಬಿಡುತ್ತೇನೆ, ಜೆಸಿಬಿ ಗೋಡೆ ಒಡೆಯುವುದನ್ನು ನೋಡಿ ಚಪ್ಪಾಳೆ ತಟ್ಟುವವರ ಪೈಕಿ ನಾನಲ್ಲ. ಅಲ್ಲಿಗೆ ಜೆಸಿಬಿ ಬಂತು ಅಂದರೆ, ಯಾರೋ ಒಬ್ಬ ಎಂಜಿನಿಯರ್ ತಿಂಗಳುಗಟ್ಟಲೆ ಆ ಬೀದಿಗೆ ಕಾಲಿಡಲಿಲ್ಲ ಅಂತ ಅರ್ಥ. ಇಲ್ಲವೇ ಕಾಲಿಟ್ಟರೂ ತಲೆ ಎತ್ತಿ ನೋಡಲಿಲ್ಲ.

ಮೂವತ್ತು ನಲವತ್ತರ ಸೈಟು. ಮಂಜೂರಾದ ಪ್ಲ್ಯಾನಿನಲ್ಲಿ ಮೂರು ಮಹಡಿ, ಎದ್ದು ನಿಂತಿದ್ದು ಆರು. ಸೆಟ್‌ಬ್ಯಾಕ್ ಅಂತ ಕಟ್ಟಡದ ಸುತ್ತ ಖಾಲಿ ಬಿಡಬೇಕಿದ್ದ ಜಾಗದಲ್ಲಿ ಮೆಟ್ಟಿಲು. ಇದೇನು ಕದ್ದುಮುಚ್ಚಿ ಮಾಡೋ ಕೆಲಸವಾ? ಜಲ್ಲಿ, ಎಂ-ಸ್ಯಾಂಡ್ ರಸ್ತೆ ಮೇಲೇ ಬಿದ್ದಿರುತ್ತದೆ. ಮೌಲ್ಡ್, ಅಂದರೆ ಕಾಂಕ್ರೀಟ್ ಛಾವಣಿ, ಹಾಕುವ ದಿನ ಮಿಕ್ಸರ್ ಸದ್ದಿಗೆ ಇಡೀ ಬೀದಿಗೆ ಮಧ್ಯಾಹ್ನದ ನಿದ್ದೆ ಇಲ್ಲ. ಇಷ್ಟೆಲ್ಲ ಆದಮೇಲೆ ಒಂದು ನೋಟಿಸ್ ಬರುತ್ತದೆ.

ನೋಟಿಸಿನ ಕಥೆಯೂ ಕೇಳಿ. 2020ರ ಬಿಬಿಎಂಪಿ ಕಾಯ್ದೆಯಲ್ಲಿ 248ನೇ ಸೆಕ್ಷನ್ ಅಂತ ಇತ್ತು. ಮೊದಲು ತಾತ್ಕಾಲಿಕ ಆದೇಶ, ಕಾರಣ ಕೇಳುವ ನೋಟಿಸ್, ಆಮೇಲೆ ಅದನ್ನು ಖಾಯಂ ಮಾಡುವ ಆದೇಶ. ಮಾಲೀಕರಿಗೆ ಉತ್ತರ ಕೊಡುವ ಅವಕಾಶ ಬೇಕೇ ಬೇಕು, ಅದರಲ್ಲಿ ತಕರಾರಿಲ್ಲ. ಆದರೆ ಒಂದು ಆದೇಶದಿಂದ ಇನ್ನೊಂದಕ್ಕೆ ಹೋಗುವಷ್ಟರಲ್ಲಿ ಮೇಲೆ ಇನ್ನೊಂದು ಮಹಡಿ ಎದ್ದಿರುತ್ತದೆ. ಆಮೇಲೆ ಮೇಲ್ಮನವಿ, ಸ್ಟೇ. ಅಷ್ಟರಲ್ಲಿ ಪಿಜಿ ಬೋರ್ಡೂ ಬಿದ್ದಿರುತ್ತದೆ. ಈಗ ಒಡೆಯಿರಿ ನೋಡೋಣ!

2024ರ ಅಕ್ಟೋಬರ್ 22. ಬಾಬುಸಾಪಾಳ್ಯದಲ್ಲಿ ಕಟ್ಟುತ್ತಿದ್ದ ಬಹುಮಹಡಿ ಕಟ್ಟಡ ಮಳೆಯ ದಿನ ಕುಸಿದುಬಿತ್ತು. ಒಳಗಿದ್ದ ಕಾರ್ಮಿಕರು ಸತ್ತರು. ಆಮೇಲೆ ಎಂಜಿನಿಯರ್ ಸಸ್ಪೆಂಡ್ ಆದರು, ನಗರದ ತುಂಬಾ ಸರ್ವೆ ಅಂದರು. ಅಲ್ಲ, ಸರ್ವೆಗೂ ಹೆಣ ಬೀಳಬೇಕಾ?

ಇನ್ನು ಕಟ್ಟುವವರಿಗೆ ಇಷ್ಟು ಧೈರ್ಯ ಎಲ್ಲಿಂದ ಬರುತ್ತೆ? ನನ್ನ ಪ್ರಕಾರ ಅರ್ಧ ಧೈರ್ಯ ಕೊಟ್ಟಿದ್ದು ಸರ್ಕಾರವೇ. ಅಕ್ರಮ-ಸಕ್ರಮ ನೆನಪಿದೆಯಲ್ವಾ? ವಾಸದ ಮನೆಯಾದರೆ ಶೇ 50ರಷ್ಟು, ಬೇರೆ ಕಟ್ಟಡವಾದರೆ ಶೇ 25ರಷ್ಟು ಉಲ್ಲಂಘನೆಯನ್ನು ದಂಡ ಕಟ್ಟಿಸಿಕೊಂಡು ಒಪ್ಪುವ ಯೋಜನೆ. 2016ರಲ್ಲಿ ಹೈಕೋರ್ಟ್ ಒಪ್ಪಿತು, 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ಯೋಜನೆ ನಿಂತರೂ ಆಸೆ ನಿಲ್ಲಲಿಲ್ಲ. 'ಕಟ್ಟು, ಇವತ್ತಲ್ಲ ನಾಳೆ ಸಕ್ರಮ ಮಾಡ್ತಾರೆ' ಅನ್ನುವ ಮಾತು ಯಾವ ಮೇಸ್ತ್ರಿಯನ್ನು ಕೇಳಿದರೂ ಸಿಗುತ್ತದೆ. ಪ್ಲ್ಯಾನ್ ಪ್ರಕಾರ ಮೂರೇ ಮಹಡಿ ಕಟ್ಟಿ, ಬಾಡಿಗೆ ಕಡಿಮೆ ಬಂದರೂ ಸುಮ್ಮನಿದ್ದವನು ಇಲ್ಲಿ ಪೆದ್ದ.

2024ರ ಕೊನೆಗೆ ಸುಪ್ರೀಂ ಕೋರ್ಟಿನಿಂದ ಎರಡು ತೀರ್ಪು ಬಂದವು. ನವೆಂಬರಿನದ್ದು ಬುಲ್ಡೋಜರ್ ಬಗ್ಗೆ: ಕನಿಷ್ಠ 15 ದಿನದ ನೋಟಿಸ್ ಕೊಡದೆ ಒಡೆಯಬೇಡಿ, ನಿಯಮ ಮೀರಿ ಒಡೆದರೆ ಅಧಿಕಾರಿಯೇ ಕೈಯಿಂದ ಖರ್ಚು ಹಾಕಿ ಸರಿಮಾಡಿಕೊಡಬೇಕು. ಡಿಸೆಂಬರಿನದ್ದು ಮೀರತ್‌ನ ಅಕ್ರಮ ಅಂಗಡಿಗಳ ಕೇಸು: ಒಸಿ (ಕಟ್ಟಡ ವಾಸಕ್ಕೆ ಯೋಗ್ಯ ಅನ್ನುವ ಸ್ವಾಧೀನ ಪ್ರಮಾಣಪತ್ರ) ಇಲ್ಲದೆ ಕರೆಂಟು ನೀರು ಕೊಡಬೇಡಿ, ಮಂಜೂರಾದ ಪ್ಲ್ಯಾನನ್ನು ಕೆಲಸದ ಜಾಗದಲ್ಲೇ ತೂಗುಹಾಕಿ, ತಪ್ಪು ಮಾಡಿದ ಅಧಿಕಾರಿ ಮೇಲೆ ಇಲಾಖಾ ಕ್ರಮ ತಗೊಳ್ಳಿ. ಒಸಿ ಭಾಗಕ್ಕೆ ನಮ್ಮಲ್ಲಿ ಎಷ್ಟು ಗಲಾಟೆ ಆಯಿತು ಅಂತ ಬೆಸ್ಕಾಂ ಮೀಟರಿಗೆ ಕಾದವರಿಗೆ ಗೊತ್ತು. ಕೊನೆಗೆ ಸಣ್ಣ ಸೈಟಿನ ಮನೆಗಳಿಗೆ ರಾಜ್ಯ ಸರ್ಕಾರ ವಿನಾಯಿತಿ ಕೊಟ್ಟಿತು. ಸಾಲ ಮಾಡಿ ಮನೆ ಕಟ್ಟಿದವರ ಸಂಕಟ ನನಗೂ ಅರ್ಥವಾಗುತ್ತೆ.

ಆದರೆ ಎರಡೂ ತೀರ್ಪು ಪಕ್ಕಪಕ್ಕ ಇಟ್ಟು ನೋಡಿ. ತಪ್ಪಾಗಿ ಒಡೆದ ಅಧಿಕಾರಿಯ ಜೇಬಿಗೆ ಕತ್ತರಿ. ತಪ್ಪಾಗಿ ಕಟ್ಟೋಕೆ ಬಿಟ್ಟ ಅಧಿಕಾರಿಗೆ ಇಲಾಖಾ ವಿಚಾರಣೆ. ಅದು ಯಾವ ಕಾಲಕ್ಕೆ ಮುಗಿಯುತ್ತೆ ಅಂತ ನಿಮಗೇ ಗೊತ್ತು. 1976ರ ಪಾಲಿಕೆ ಕಾಯ್ದೆಗೆ 321-ಬಿ ಅಂತ ಸೇರಿಸಿದ್ದರು, ಅಕ್ರಮ ತಡೆಯದ ಅಧಿಕಾರಿಗೇ ಶಿಕ್ಷೆ. ಒಳ್ಳೇ ಸೆಕ್ಷನ್ನು, ಪುಸ್ತಕದಲ್ಲಿ.

ಹಾಗಾಗಿ ನಾನು ಕೇಳೋದು ಜಾಸ್ತಿ ಏನಿಲ್ಲ. ಈಗ ಬಿಬಿಎಂಪಿ ಹೋಗಿ ಐದು ಪಾಲಿಕೆ ಬಂದಿವೆ, ಹೊಸ ಕಾಯ್ದೆ ಇದೆ. ತಳಪಾಯ ಮುಗಿದಾಗ ಒಂದು ಸಲ, ಮೊದಲ ಮೌಲ್ಡಿಗೆ ಮುಂಚೆ ಇನ್ನೊಂದು ಸಲ ಎಂಜಿನಿಯರ್ ಟೇಪ್ ಹಿಡಿದು ಅಳೆಯಲಿ, ಫೋಟೊ ಹಾಕಿ ಸಹಿ ಮಾಡಲಿ. ಆ ಹಂತದಲ್ಲಿ ತಪ್ಪು ಸರಿಮಾಡಲು ಒಂದೆರಡು ಪಿಲ್ಲರ್ ಒಡೆದರೆ ಸಾಕು, ಯಾರ ಸಂಸಾರವೂ ಬೀದಿಗೆ ಬರುವುದಿಲ್ಲ. ಹೇಗೂ ಪ್ಲ್ಯಾನ್ ತೂಗುಹಾಕಬೇಕಲ್ಲ, ಅದೇ ಬೋರ್ಡಿನ ಮೇಲೆ ಅಳತೆ ನೋಡಿದ ಎಂಜಿನಿಯರ್ ಹೆಸರು, ತಾರೀಕು ಎರಡನ್ನೂ ದಪ್ಪ ಅಕ್ಷರದಲ್ಲಿ ಬರೆಸಿ.